ಸೋಮವಾರ ಹಿಡಿದ ಕಾರು

ಗುತ್ತೆಪ್ಪನವರ ಕಾರು ಸೋಮವಾರ ಹಿಡಿದಿದೆ ಎಂಬ ಸುದ್ದಿ ಕೆ.ಬಿ. ಬಡಾವಣೆಯಲ್ಲೆಲ್ಲ ಹಬ್ಬಲು ಮೂರೇ ಮೂರು ವಾರ ಸಾಕಾಯಿತು. ಮಂಗಳವಾರದಿಂದ ಭಾನುವಾರದವರೆಗೆ ಮೂತಿಗೆ ಹ್ಯಾಂಡಲ್ ಸಿಕ್ಕಿಸಿ ಒಂದು ಸಲ ತಿರುಗಿಸಿದರೆ ಗುರ್ರೆಂದು ಏಳುವ ಕಾರು, ಸೋಮವಾರ ಬೆಳಗ್ಗೆ ಮಾತ್ರ ಜಪ್ಪಯ್ಯ ಅಂದರೂ ಮಿಸುಕುತ್ತಿರಲಿಲ್ಲ. ಮೂರನೆಯ ಸೋಮವಾರವಂತೂ ಪಕ್ಕದ ಮನೆಯ ಅನ್ನಪೂರ್ಣಮ್ಮ ಕಾಯಿ, ಊದಿನಕಡ್ಡಿ ಹಿಡಿದುಕೊಂಡೇ ಬಂದುಬಿಟ್ಟರು.

"ನಗಬ್ಯಾಡ್ರಿ ನೀಲಕ್ಕ. ನಮ್ಮ ತವರಾಗೆ ಒಂದು ಹಸ ಏಕಾದಶಿ ದಿನ ಹುಲ್ಲು ಮುಟ್ತಿರಲಿಲ್ಲ. ಕಬ್ಬಿಣಕ್ಕೆ ಭಕ್ತಿ ಇರಬಾರದು ಅಂತ ಎಲ್ಲಿ ಬರ್ದೈತೆ?"

ಗುತ್ತೆಪ್ಪನವರ ಸೊಸೆ ನೀಲಕ್ಕನಿಗೆ ನಗು ಎಲ್ಲಿಂದ ಬರಬೇಕು? ಅವಳ ಗಂಡ ರೇವಣ್ಣ ಬೆವರಿನಲ್ಲಿ ತೊಯ್ದು ಹ್ಯಾಂಡಲ್ ತಿರುಗಿಸುತ್ತಿದ್ದ. ದಿನಾ ಇದೇ ಕಾರಿನಲ್ಲಿ ಬಾಡಿಗೆಗೆ ಹರಿಹರದ ಕಾರ್ಖಾನೆಗೆ ಹೋಗುವ ಮೂವರು ಇಂಜಿನಿಯರರು ತಾವೇ ನಡೆದು ಬಂದು ಅಂಗಳದಲ್ಲಿ ನಿಂತು ಗಡಿಯಾರ ನೋಡಿಕೊಳ್ಳುತ್ತಿದ್ದರು. ಅವರಲ್ಲಿ ಕನ್ನಡಕದವರು ಕೊನೆಗೆ ಹೇಳಿಯೇ ಬಿಟ್ಟರು.

"ರೇವಣ್ಣ, ಕಾರ್ಖಾನೆ ಸೈರನ್ನು ನಿಮ್ಮ ಕಾರಿನ ವ್ರತ ಕೇಳೋದಿಲ್ಲ. ಮುಂದಿನ ಸೋಮವಾರ ಒಂದು ನೋಡ್ತೀವಿ. ಅವತ್ತೂ ಹೀಗೇ ಆದರೆ ಬೇರೆ ಗಾಡಿ ಗೊತ್ತು ಮಾಡ್ಕೋತೀವಿ."

ಅವರು ಬಸ್ಸು ಹಿಡಿಯಲು ಓಡಿದರು. ಜಗಲಿಯ ಮೇಲೆ ಕುಳಿತಿದ್ದ ಮಾವ ಗುತ್ತೆಪ್ಪ ಗಂಟಲು ಸರಿಮಾಡಿಕೊಂಡರು. ಅವರು ಗಂಟಲು ಸರಿಮಾಡಿಕೊಂಡರೆಂದರೆ ಮನೆಯಲ್ಲಿ ಒಂದು ಮಾತು ಹುಟ್ಟಿತು ಎಂದೇ ಲೆಕ್ಕ.

"ಸೋಮವಾರ ಬಸವಣ್ಣನ ವಾರ. ನೊಗ ಹೊರಸಬಾರದು ಅಂತ ಹಿರೇರು ಸುಮ್ನೆ ಹೇಳಿದ್ರೇನು? ಎತ್ತಿನ ದುಡ್ಡಾಗೆ ಬಂದ ಕಾರು. ಎತ್ತಿನ ಗುಣ ಬಿಡ್ತೈತಾ?"

"ಅಪ್ಪಾ, ಅದು ಕಾರು!"

"ಅದಕ್ಕೆ ಗೊತ್ತೈತೇನೋ ಅದು ಕಾರು ಅಂತ?"

ಕಾರು ಎತ್ತಿನ ದುಡ್ಡಿನಲ್ಲಿ ಬಂದದ್ದಂತೂ ನಿಜ. ಕುಕ್ಕುವಾಡದ ಹೊಲವನ್ನು ಪಾಲಿಗೆ ಕೊಟ್ಟು ದಾವಣಗೆರೆ ಸೇರಿದಾಗಲೂ ಗುತ್ತೆಪ್ಪನವರು ಕರಿಯ, ಮೈಲ ಎಂಬ ಜೋಡಿಯನ್ನು ಬಿಟ್ಟು ಬಂದಿರಲಿಲ್ಲ. ಗಾಡಿ ಕಟ್ಟಿ ಮಿಲ್ಲುಗಳಿಗೆ ಹತ್ತಿ ತುಂಬಿದ ಅಂಡಿಗೆ ಸಾಗಿಸಿ ಆರು ವರ್ಷ ಸಂಸಾರ ನಡೆಸಿದ್ದರು. ಆಮೇಲೆ ಲಾರಿಗಳು ಬಂದವು, ಎತ್ತಿನ ಗಾಡಿಯನ್ನು ಕರೆಯುವವರು ಕಡಿಮೆಯಾದರು. ರೇವಣ್ಣ ಲಾರಿಯೊಂದರಲ್ಲಿ ಡ್ರೈವರಿಕೆ ಕಲಿತು ಬಂದವನೇ ಎತ್ತು ಮಾರಿ ಕಾರು ಕೊಳ್ಳೋಣವೆಂದು ಹಟ ಹಿಡಿದ. ಸಂಕ್ರಾಂತಿ ಕಳೆದ ಮೇಲೆ ಜೋಡಿ ಮಾಯಕೊಂಡದ ರೈತನೊಬ್ಬನ ಪಾಲಾಯಿತು. ಹತ್ತಿ ಸಾಹುಕಾರರೊಬ್ಬರು ಮೂಲೆಗೆ ಹಾಕಿದ್ದ ಕರಿ ಬಣ್ಣದ ವಿಲಾಯಿತಿ ಕಾರು ಇವರ ಅಂಗಳಕ್ಕೆ ಬಂತು. ಅದರ ಬಾನೆಟ್ಟು ನಡುವೆ ಕೀಲು ಇಟ್ಟು ಎರಡೂ ಕಡೆ ರೆಕ್ಕೆಯಂತೆ ಎತ್ತುವ ಹಳೆಯ ತರಹದ್ದು.

ಅವತ್ತು ಅತ್ತೆ ಉಚ್ಚಂಗಮ್ಮ ಊಟ ಮಾಡಲಿಲ್ಲ. ಜಗಳವನ್ನೂ ಆಡಲಿಲ್ಲ. ಎತ್ತುಗಳಿಗೆ ಮೇವು ಹಾಕುತ್ತಿದ್ದ ಮರದ ಗೋದಲಿಯನ್ನು ತೊಳೆದು ಬೋರಲು ಹಾಕಿ ಮಲಗಿಬಿಟ್ಟರು. ಎರಡು ತಿಂಗಳಾದರೂ ಆ ಕಾರಿನ ಮುಖ ನೋಡಲಿಲ್ಲ. ಆದರೆ ಯುಗಾದಿ ಕಳೆದ ಹೊಸತರಲ್ಲಿ ಅವರಿಗೆ ಜ್ವರ ಏರಿ ಮೈ ಕೆಂಡವಾದಾಗ ಅದೇ ಕಾರಿನಲ್ಲಿ ಮಲಗಿಸಿಕೊಂಡು ದವಾಖಾನೆಗೆ ಓಡಿದ್ದರು. ವಾಸಿಯಾಗಿ ಬಂದವರು ಕಾರಿನಿಂದಿಳಿದು, ಬಾನೆಟ್ಟಿನ ಮೇಲೆ ಕೈಯಾಡಿಸಿ, "ಕರಿಯಾ, ನೀನಾದ್ರೂ ನನ್ನ ಕೈಬಿಡಲಿಲ್ಲ ನೋಡಪ್ಪ" ಅಂದದ್ದನ್ನು ನೀಲಕ್ಕ ತನ್ನ ಕಿವಿಯಾರೆ ಕೇಳಿದ್ದಳು. ಅತ್ತೆಯ ಮುನಿಸು ಇಳಿಯಿತಲ್ಲ ಎಂದು ಅವಳಿಗೆ ಆನಂದವಾಗಿತ್ತು.

ಆ ರಾತ್ರಿ ಊಟಕ್ಕೆ ಕುಳಿತಾಗ ಗುತ್ತೆಪ್ಪನವರು ಬೆಳಗಿನ ಮಾತಿಗೆ ಬಾಲ ಹಚ್ಚಿದರು.

"ಸೂರಪ್ಪ ಸಿಕ್ಕಿದ್ದ." ಸೂರಪ್ಪನೆಂದರೆ ದನದ ದಲ್ಲಾಳಿ, ಎರಡು ಓಣಿ ಆಚೆ ಅವನ ಮನೆ. "ಮಾಯಕೊಂಡದವನು ನಮ್ಮ ಜೋಡಿ ವಾಪಸ್ ಮಾರ್ತಾನಂತೆ. ಕಾರಿಗೂ ಒಬ್ಬ ಗಿರಾಕಿ ನೋಡಿದಾನೆ. ಮುಂದಿನ ಸೋಮವಾರ ಇದು ಎದ್ದರೆ ಸರಿ, ಇಲ್ದಿದ್ರೆ ಅವತ್ತೇ ಮಾತು ಮುಗಿಸ್ತೀನಿ."

ಅತ್ತೆಯ ಕೈಯಲ್ಲಿದ್ದ ರೊಟ್ಟಿ ತಟ್ಟೆಗೆ ಬಂದು ಬಿತ್ತು. "ನಮ್ಮ ಕರಿಯಾನಾ?"

"ಕರಿಯಾನೂ, ಮೈಲಾನೂ."

"ಮತ್ತೆ ಗಾಡಿ ಹೊಡೆದು ಏನು ಸಾಗಿಸ್ತೀಯಪ್ಪಾ?" ರೇವಣ್ಣ ಅರ್ಧ ಊಟಕ್ಕೇ ಕೈ ತೊಳೆದುಕೊಂಡ. "ಲಾರಿ ಮುಂದೆ ಎತ್ತು ಓಡಸ್ತೀಯಾ? ಹೋಗ್ಲಿ, ನಾನು ಯಾವುದಾದ್ರೂ ಲಾರಿ ಹತ್ತಿ ಬೊಂಬಾಯಿಗೆ ಹೋಗ್ತೀನಿ. ವರ್ಷಕ್ಕೊಮ್ಮೆ ಬರ್ತೀನಿ!"

"ಹೋಗೋನಿಗೆ ಹಾದಿ ನೂರು!"

"ಊಟದ ಮುಂದೆ ಎಂಥಾ ಮಾತು ಆಡ್ತೀರಿ ಇಬ್ಬರೂ!" ಎಂದು ಅತ್ತೆ ಗದರಿದರು. ಆದರೆ ಅವರ ಕಣ್ಣಲ್ಲಿ ಅವತ್ತು ಒಂದು ಬೆಳಕು ಇತ್ತು. ನೀಲಕ್ಕ ಅದನ್ನು ನೋಡಿದಳು. ಲಾರಿ ಹತ್ತಿದರೆ ಗಂಡ ದೂರ, ಕಾರು ಉಳಿದರೆ ಗಂಡ ಹತ್ತಿರ. ಅವಳ ಲೆಕ್ಕ ಅಷ್ಟೇ ಇತ್ತು.

ಗುರುವಾರ ಇಂಜಿನಿಯರರನ್ನು ಬಿಡಲು ಹೊರಟ ಕಾರಿನ ಮುಂದಿನ ಸೀಟಿನಲ್ಲಿ ಅವಳೂ ಕುಳಿತಳು. ಹರಿಹರ ಅವಳ ತವರು. ತವರುಮನೆಯ ಹಿಂದಿನ ಓಣಿಯಲ್ಲೇ ಮೋಟಾರು ರಿಪೇರಿಯ ಮೇಸ್ತ್ರಿ ಹಿದಾಯತ್ ಸಾಬರ ತಗಡಿನ ಶೆಡ್ಡು. ಮೂರು ಸೋಮವಾರವೂ ಅವರೇ ದಾವಣಗೆರೆಗೆ ಬಂದು ನೋಡಿದ್ದರು. ಆದರೆ ಅವರು ಬಸ್ಸು ಹಿಡಿದು ಬರುವಷ್ಟರಲ್ಲಿ ಮಧ್ಯಾಹ್ನ. ಅವರು ಮುಟ್ಟಿದ ಕೂಡಲೇ ಕಾರು ಒಳ್ಳೇ ಹುಡುಗನ ಹಾಗೆ ಹೊರಟುಬಿಡುತ್ತಿತ್ತು. ಒಂದು ಸಲ ಪ್ಲಗ್ಗು ಬದಲಾಯಿಸಿದರು, ಒಂದು ಸಲ ಕಾರ್ಬೊರೇಟರ್ ಬಿಚ್ಚಿ ತೊಳೆದರು, ಒಂದು ಸಲ ಬ್ಯಾಟರಿಯನ್ನೇ ಬದಲಿಸಿದರು.

"ಚಾಚಾ, ನನಗೆ ಹೇಳಿಕೊಡ್ರಿ," ಎಂದಳು ನೀಲಕ್ಕ. "ನೀವು ಬರೋ ಹೊತ್ತಿಗೆ ಅದರ ರೋಗ ಹೋಗಿರ್ತೈತೆ. ರೋಗ ಇದ್ದಾಗ ನೋಡೋಳು ನಾನೇ."

"ಹೆಂಗಸರಿಗೆ ಯಾಕ ಇದೆಲ್ಲ?" ಎಂದ ರೇವಣ್ಣ.

"ನೀನು ಸುಮ್ನಿರಪ್ಪ," ಹಿದಾಯತ್ ಸಾಬರು ಗಡ್ಡ ಕೆರೆದುಕೊಂಡು ನಕ್ಕರು. "ಬೇಟಿ, ಒಲಿ ಹಚ್ಚೋದು ಗೊತ್ತಲ್ಲ? ಕಟ್ಟಿಗಿ ಬೇಕು, ಗಾಳಿ ಬೇಕು, ಕಡ್ಡಿ ಗೀರಬೇಕು. ಇದಕ್ಕೂ ಅಷ್ಟೇ. ಪೆಟ್ರೋಲು, ಗಾಳಿ, ಕಿಡಿ. ಮೂರ್ರಾಗೆ ಯಾವುದು ಇಲ್ಲ ಅಂತ ಮೊದಲು ನೋಡು. ನಿನ್ನ ಗಂಡ ಮೂರನ್ನೂ ಬಿಟ್ಟು ಬರೇ ಬೈತಾನೆ."

ಸಂಜೆಯವರೆಗೆ ಅವಳು ಅಲ್ಲೇ ಕುಳಿತಳು. ಕಿಡಿ ಬರುತ್ತದೋ ಇಲ್ಲವೋ ನೋಡುವುದು, ಪ್ಲಗ್ಗಿನ ತಂತಿಯನ್ನು ಒಣಬಟ್ಟೆಯಲ್ಲಿ ಹಿಡಿದು ಕಬ್ಬಿಣದ ಹತ್ತಿರ ತರುವುದು, ನಾಲ್ಕು ತಂತಿಗೆ ಕರೆಂಟು ಹಂಚುವ ಕರಿ ಮುಚ್ಚಳವನ್ನು ತೆಗೆದು ಹಾಕುವುದು ಕಲಿತಳು. ಹ್ಯಾಂಡಲ್ ಹಿಡಿಯುವಾಗ ಹೆಬ್ಬೆರಳನ್ನು ಸುತ್ತಿ ಹಿಡಿಯಬಾರದು, ತಿರುಗಿ ಒದ್ದರೆ ಕೈ ಮುರಿಯುತ್ತದೆ ಎಂಬುದನ್ನೂ ಕಲಿತಳು.

"ತಂತಿ ಅದಲು ಬದಲು ಮಾಡೀಯಾ, ಹುಷಾರು," ಎಂದು ಹಿದಾಯತ್ ಸಾಬರು ಎಚ್ಚರಿಸಿದರು. "ಯಾವುದು ಎಲ್ಲಿತ್ತೋ ಅಲ್ಲೇ ಕೂಡಬೇಕು. ಗುರುತು ಮಾಡ್ಕೋ."

ಆ ಸೋಮವಾರ ಬಂದೇ ಬಂತು. ಆರು ಗಂಟೆಗೆ ರೇವಣ್ಣ ದೇವರ ಪಟಕ್ಕೆ ಕೈಮುಗಿದು, ಅಂಗಳಕ್ಕಿಳಿದು ಹ್ಯಾಂಡಲ್ ತಿರುಗಿಸಿದ. ಕಾರು ಕಿಮಕ್ಕೆನ್ನಲಿಲ್ಲ. ಹತ್ತು ಸಲ, ಇಪ್ಪತ್ತು ಸಲ. ಹ್ಯಾಂಡಲನ್ನು ನೆಲಕ್ಕೆ ಒಗೆದು, "ನಾನು ಹೋಗಿ ಸಾಹೇಬರ ಕಾಲು ಹಿಡೀತೀನಿ, ಇನ್ನೊಂದು ಅರ್ಧ ತಾಸು ಕೇಳ್ತೀನಿ" ಎಂದು ಬರಿಗಾಲಲ್ಲೇ ಓಡಿದ.

ಗುತ್ತೆಪ್ಪನವರು ಆಗಲೇ ರುಮಾಲು ಸುತ್ತಿ ತಯಾರಾಗಿದ್ದರು. "ನಾನೂ ಸೂರಪ್ಪನ್ನ ಕರ್ಕೊಂಡು ಬರ್ತೀನಿ" ಎಂದು ಮತ್ತೊಂದು ದಿಕ್ಕಿಗೆ ಹೊರಟರು.

ಅಂಗಳದಲ್ಲಿ ಅತ್ತೆ, ಸೊಸೆ, ಕಾರು. ನೀಲಕ್ಕ ಸೆರಗು ಸೊಂಟಕ್ಕೆ ಬಿಗಿದು, ಕೀಲಿ ತಿರುಗಿಸಿ ಬಂದು, ಬಾನೆಟ್ಟಿನ ಒಂದು ರೆಕ್ಕೆ ಎತ್ತಿದಳು.

"ಅತ್ತೆ, ಬರ್ರಿ ಇಲ್ಲಿ. ಇದನ್ನ ಸ್ವಲ್ಪ ತಿರುಗಿಸ್ರಿ. ಹೆಬ್ಬೆಟ್ಟು ಸುತ್ತಬ್ಯಾಡ್ರಿ, ಹಿಂಗೆ ಮ್ಯಾಲಿಟ್ಕೊಳ್ರಿ."

"ನಾನಾ?"

"ನೆಲದಾಗಿನ ಹಗೇವಿಂದ ಜೋಳ ಎತ್ತಿದ ಕೈ ನಿಮ್ದು. ಇದು ಯಾವ ಲೆಕ್ಕ?"

ಅರವತ್ತರ ಹತ್ತಿರದ ಉಚ್ಚಂಗಮ್ಮ ಹ್ಯಾಂಡಲ್ ಹಿಡಿದು ಒಂದೇ ಏಟಿಗೆ ತಿರುಗಿಸಿದರು. ನೀಲಕ್ಕ ತಂತಿಯನ್ನು ಕಬ್ಬಿಣದ ಹತ್ತಿರ ಹಿಡಿದು ಬಗ್ಗಿ ನೋಡಿದಳು. ಕಿಡಿಯಿಲ್ಲ. ಇನ್ನೊಮ್ಮೆ. ಕಿಡಿಯೇ ಇಲ್ಲ! ಕಟ್ಟಿಗೆ ಇದೆ, ಗಾಳಿ ಇದೆ, ಕಡ್ಡಿಯೇ ಹತ್ತುತ್ತಿಲ್ಲ! ಕರಿ ಮುಚ್ಚಳದ ಕೊಂಡಿ ಸರಿಸಿ ಎತ್ತಿದಳು. ಒಳಗೆ ಹನಿ ಹನಿ ನೀರು. ಬಿರುಬೇಸಿಗೆಯಲ್ಲಿ, ಮೋಡದ ತುಣುಕೂ ಇಲ್ಲದ ಆಕಾಶದ ಕೆಳಗೆ, ಎಲ್ಲಿಯ ನೀರು? ಮುಚ್ಚಳದ ಬುಡದಲ್ಲಿ ಹಸಿರಾಗಿ ಏನೋ ಅಂಟಿಕೊಂಡಿತ್ತು. ಬೆರಳಲ್ಲಿ ಕಿತ್ತು ನೋಡಿದರೆ ಮೂರೆಲೆಯ ಬಿಲ್ವಪತ್ರೆ.

ನೀಲಕ್ಕ ನಿಧಾನವಾಗಿ ತಲೆಯೆತ್ತಿದಳು.

"ಅತ್ತೆ, ಇದಕ್ಕೆ ನೀರು ಹಾಕಿದ್ರೇನು?"

"ಹ್ಞೂ. ಸೋಮವಾರ ಅಲ್ಲೇನು? ಕೋಳಿ ಕೂಗೋ ಹೊತ್ತಿಗೆ ಎದ್ದು ಮೈ ತೊಳೆದೆ. ಹಿಣಿಲಿನ ಮ್ಯಾಲೆ ಐದು ತಂಬಿಗಿ ಹಾಕ್ದೆ, ಪತ್ರಿ ಏರಿಸ್ದೆ. ಆಮೇಲೆ ಹಳೇ ಸೀರಿಲೆ ಒರೆಸೀನಿ, ಒಂದು ಹನಿ ಬಿಟ್ಟಿಲ್ಲ. ಎತ್ತಿನ ಮೈ ಹಸಿ ಬಿಡಬಾರದು, ಶೀತ ಆಗ್ತೈತೆ."

ಎತ್ತಿಗೆ ಹೆಗಲ ಮೇಲೆ ಹಿಣಿಲು ಇರುವ ಹಾಗೆ, ಕಾರಿಗೆ ಬಾನೆಟ್ಟಿನ ನಡುವಿನ ಉಬ್ಬು. ಅಲ್ಲೇ ಆ ಹಳೆಯ ಕೀಲಿನ ಸಂದು. ಹೊರಗೆಲ್ಲ ಒಣಗಿದ ಮೈ, ಒಳಗೆ ಐದು ತಂಬಿಗೆ ನೀರು! ಮಧ್ಯಾಹ್ನದ ಬಿಸಿಲಿಗೆ ತಾನೇ ಆರುತ್ತಿತ್ತು, ಹಿದಾಯತ್ ಸಾಬರು ಬಂದಾಗ ರೋಗ ಮಾಯ.

"ಹೋದ ಸೋಮವಾರನೂ ಹಾಕಿದ್ರಾ?"

"ಹೋದ್ದೂ, ಅದರ ಹಿಂದಿಂದೂ. ನನಗೆ ಜ್ವರ ಬಿಟ್ಟಾಗಿಂದ ಒಂದು ವಾರ ತಪ್ಪಿಸಿಲ್ಲ."

ಕೇಳಬಾರದ ಮಾತೊಂದು ನೀಲಕ್ಕನ ಬಾಯಿಂದ ಹೊರಬಿದ್ದೇ ಬಿಟ್ಟಿತು. "ಬೇಕಂತಲೇ ಹಾಕಿದ್ರೇನು ಅತ್ತೆ? ಎತ್ತು ವಾಪಸ್ ಬರ್ಲಿ ಅಂತ?"

ಉಚ್ಚಂಗಮ್ಮನ ಮುಖ ಸಪ್ಪಗಾಯಿತು. "ನೀರಿಂದ ನಿಲ್ತೈತೇನು ಇದು?"

"ನೀರಿಂದಲೇ ನಿಂತೈತೆ."

"ಅಯ್ಯೋ ಶಿವನೇ! ನಾನು ಮುಟ್ಟಿದ್ದಕ್ಕೆ ಹಿಂಗಾತೇನು?" ಎಂದು ಅವರು ಹ್ಯಾಂಡಲ್ ಬಿಟ್ಟು ಬಾನೆಟ್ಟಿಗೆ ಒರಗಿ ನಿಂತರು. "ನೀರು ಹಾಕಿದ್ರೆ ಕರಿಯ ಇನ್ನೂ ಹತ್ರ ಬಂದು ನಿಲ್ತಿದ್ದ."

ನೀಲಕ್ಕನಿಗೆ ನಾಲಿಗೆ ಕಚ್ಚಿಕೊಳ್ಳುವಂತಾಯಿತು. ಎತ್ತು ವಾಪಸ್ ಬರಲು ಅತ್ತೆ ಈಗ ಒಳಗೆ ಹೋಗಿ ಕುಳಿತರೆ ಸಾಕಿತ್ತು. ಇನ್ನು ಸ್ವಲ್ಪ ಹೊತ್ತಿಗೆ ಮಾವ ಸೂರಪ್ಪನನ್ನು ಕರೆದುಕೊಂಡು ಬರುತ್ತಾರೆ, ಸಂಜೆಗೆ ಕರಿಯ ಮತ್ತು ಮೈಲ ಗೋದಲಿಯ ಮುಂದೆ ಬಂದು ನಿಲ್ಲುತ್ತವೆ. ಅತ್ತೆ ಓಣಿಯ ಆ ತುದಿಯನ್ನು ನೋಡಿದರು, ಬೋರಲು ಬಿದ್ದ ಗೋದಲಿಯನ್ನು ನೋಡಿದರು. ಮಿಲ್ಲಿನ ಮೊದಲ ಸೈರನ್ನು ಊದಿತು.

"ಯಾಕ ನಿಂತೀಯವ್ವಾ ಕಲ್ಲಿನಂಗೆ?" ಎಂದರು ಅತ್ತೆ ಇದ್ದಕ್ಕಿದ್ದಂತೆ. "ಆರಿಸಿದ್ರೆ ಎದ್ದೇಳ್ತೈತೋ ಇಲ್ಲೋ?"

"ಏಳ್ತೈತೆ!"

"ಹಂಗಾದ್ರೆ ಕಿತ್ತು ಕೊಡು ಅದನ್ನ. ಒಲಿ ಮುಂದೆ ಹಿಡೀತೀನಿ."

"ತಂತಿ ನಾಲ್ಕೈದಾವೆ ಅತ್ತೆ, ಗುರುತು ಮಾಡಬೇಕು!"

ಉಚ್ಚಂಗಮ್ಮ ಒಳಗೋಡಿದರು. ಬಂದಾಗ ಅವರ ಅಂಗೈಯಲ್ಲಿ ದೇವರ ಗೂಡಿನ ಸಾಮಾನೆಲ್ಲ ಇತ್ತು. ಮೊದಲ ತಂತಿಗೂ ಅದರ ತೂತಿಗೂ ಅರಿಸಿನದ ಬೊಟ್ಟು. ಎರಡನೆಯದಕ್ಕೆ ಕುಂಕುಮ. ಮೂರನೆಯದಕ್ಕೆ ವಿಭೂತಿ. ನಾಲ್ಕನೆಯದಕ್ಕೆ ಏನು?

"ಕಾಡಿಗಿ!" ಎಂದ ಅತ್ತೆ ಸೊಸೆಯ ಕಣ್ಣಂಚಿನಿಂದಲೇ ಬೆರಳಿಗೆ ತೀಡಿಕೊಂಡು ಹಚ್ಚಿದರು. ನಡುವಿನ ದಪ್ಪ ತಂತಿಗೆ ಗುರುತು ಬೇಕಿರಲಿಲ್ಲ.

ಒಲೆಯಲ್ಲಿ ಬೆಳಗಿನ ರೊಟ್ಟಿಯ ಕೆಂಡ ಇನ್ನೂ ನಿಗಿನಿಗಿ ಎನ್ನುತ್ತಿತ್ತು. ಅತ್ತೆ ಮುಚ್ಚಳವನ್ನು ಬೊಟ್ಟು ಅಳಿಯದಂತೆ ಸೆರಗಿನಲ್ಲಿ ಒರೆಸಿ, ಹಸುಗೂಸಿಗೆ ಕಾಸುವ ಹಾಗೆ ಆ ಕಡೆ ಈ ಕಡೆ ತಿರುವಿ ತಿರುವಿ ಕಾಸಿದರು. "ಬಿಸಿ ಜಾಸ್ತಿ ಮಾಡಬ್ಯಾಡ್ರಿ, ಸೀಳ್ತೈತೆ!" ಎಂದು ನೀಲಕ್ಕ ಅಂಗಳದಿಂದ ಕೂಗಿದಳು. "ನನಗೆ ಹೇಳಿಕೊಡ್ತೀಯೇನು? ನಿನ್ನ ಗಂಡನ್ನ ಕಾಸಿ ಬೆಳೆಸಿದೋಳು ನಾನು!" ಎಂದು ಅತ್ತೆ ಒಳಗಿಂದ ಕೂಗಿದರು. ಅಷ್ಟರಲ್ಲಿ ನೀಲಕ್ಕ ಕೆಳಗಿನ ಹನಿಗಳನ್ನೆಲ್ಲ ಒಣಬಟ್ಟೆಯಿಂದ ಹೀರಿಸಿದ್ದಳು.

ಅರಿಸಿನಕ್ಕೆ ಅರಿಸಿನ, ಕುಂಕುಮಕ್ಕೆ ಕುಂಕುಮ. ಕೊಂಡಿ ಕೂತಿತು. ನೀಲಕ್ಕ ಸೀಟಿನ ಮೇಲೆ ಹಾರಿ ಕುಳಿತು ಮತ್ತೆ ಕೀಲಿ ತಿರುಗಿಸಿದಳು.

"ಹೊಡೀರಿ ಅತ್ತೆ!"

ಒಂದನೆಯ ಏಟು. ಕೆಮ್ಮಿತು. ಎರಡನೆಯ ಏಟು. ಸೀನಿತು, ಹಿಂದಿನಿಂದ ಬುಸ್ಸೆಂದು ಹೊಗೆ ಬಿಟ್ಟಿತು. ಮೂರನೆಯ ಏಟಿಗೆ ಉಚ್ಚಂಗಮ್ಮ "ಏಳೋ ನಮ್ಮಪ್ಪಾ!" ಎಂದು ಮೈಯ ಬಲವನ್ನೆಲ್ಲ ಹಾಕಿ ತಿರುಗಿಸಿದರು. ಕಾರು ಗುಡುಗಿತು! ಅಂಗಳದ ಕೋಳಿಗಳು ದಿಕ್ಕಾಪಾಲಾದವು. ಅನ್ನಪೂರ್ಣಮ್ಮ ಗೋಡೆಯಾಚೆಯಿಂದ "ವ್ರತ ಮುರೀತು, ವ್ರತ ಮುರೀತು!" ಎಂದು ಕೂಗಿಕೊಂಡರು. ನೀಲಕ್ಕನಿಗೆ ಅಳುವೂ ನಗುವೂ ಒಟ್ಟಿಗೇ ಬಂದವು.

ಓಣಿಯ ತುದಿಯಲ್ಲಿ ಸದ್ದು ಕೇಳಿದ ರೇವಣ್ಣ ಧೋತರ ಎತ್ತಿ ಹಿಡಿದು ಓಡಿಬಂದ. ಹೆಂಡತಿಯನ್ನು ಸೀಟಿನಲ್ಲಿ, ತಾಯಿಯನ್ನು ಹ್ಯಾಂಡಲಿನ ಜೊತೆ ಕಂಡು ಬಾಯಿ ತೆರೆದ.

"ಬಾಯಿ ಆಮೇಲೆ ತೆರೀರಿ! ಮೊದಲು ಸಾಹೇಬರನ್ನ ಹತ್ತಿಸ್ಕಳ್ರಿ!" ಎಂದು ನೀಲಕ್ಕ ಇಳಿದು ಅವನನ್ನು ಒಳಗೆ ತಳ್ಳಿದಳು.

ಕಾರು ಪಿ.ಬಿ. ರಸ್ತೆಯ ಕಡೆ ತಿರುಗುವಾಗ ಗುತ್ತೆಪ್ಪನವರೂ ಸೂರಪ್ಪನೂ ಎದುರಾದರು. ಧೂಳು ಕುಡಿದು ಬಂದ ಗುತ್ತೆಪ್ಪನವರು ಅಂಗಳದಲ್ಲಿ ನಿಂತ ಹೆಂಡತಿಯನ್ನು ನೋಡಿ, "ಸೋಮವಾರ ಎದ್ದು ಹೋತಲ್ಲೇ ಇದು!" ಎಂದರು.

"ಅದು ಎತ್ತಲ್ಲ ಕಣ್ರಿ," ಎಂದರು ಉಚ್ಚಂಗಮ್ಮ. ಕೈಗಂಟಿದ ಎಣ್ಣೆಯನ್ನು ಸೆರಗಿಗೆ ಒರೆಸಿಕೊಂಡರು. "ಸೂರಪ್ಪಾ, ಕೂಡಪ್ಪ, ಚಾ ಕುಡಿದು ಹೋಗು. ಎತ್ತಿನ ಮಾತು ಬ್ಯಾಡ."

ಆ ರಾತ್ರಿ ಊಟದ ಹೊತ್ತಿಗೆ ನಡೆದದ್ದನ್ನೆಲ್ಲ ಅವರೇ ಹೇಳಿದರು. ನೀಲಕ್ಕ ಮುಚ್ಚಿಡಬೇಕೆಂದಿದ್ದಳು, ಅತ್ತೆಗೆ ಮುಚ್ಚುಮರೆ ಗೊತ್ತಿರಲಿಲ್ಲ. ಸಾಹೇಬರು ಕಾರ್ಖಾನೆಯ ಸೈರನ್ನಿಗೆ ಐದು ನಿಮಿಷ ಮೊದಲೇ ಒಳಗೆ ಹೋಗಿದ್ದರಿಂದ ರೇವಣ್ಣ ಮಿರ್ಚಿ, ಮಂಡಕ್ಕಿ ಕಟ್ಟಿಸಿಕೊಂಡು ಬಂದಿದ್ದ. ಅವನು ನಕ್ಕು ನಕ್ಕು ಮಂಡಕ್ಕಿ ಗಂಟಲಿಗೆ ಹತ್ತಿಸಿಕೊಂಡ. ಗುತ್ತೆಪ್ಪನವರು ಮಾತ್ರ ತಲೆಯ ಮೇಲೆ ಕೈ ಹೊತ್ತರು.

"ಬಸವಣ್ಣನ ಮಹಿಮೆ ಅಂತ ಊರೆಲ್ಲ ಹೇಳಿಬಿಟ್ಟಿದ್ನಲ್ಲೇ!"

"ಹೇಳಿದ್ದು ನೀವು. ನಾನೇನು ಹೇಳಿದ್ನಾ?"

"ನೀನು ಬಾಯಲ್ಲಿ ಹೇಳಲಿಲ್ಲ ಮಾರಾಯ್ತಿ, ತಂಬಿಗಿಲಿ ಹೇಳ್ದೆ!"

ಎಲ್ಲರೂ ನಕ್ಕರು. ಅತ್ತೆಯೂ ನಕ್ಕರು. ಆದರೆ ಎಲ್ಲರೂ ಮಲಗಲು ಹೋದ ಮೇಲೆ ಅವರು ಬೋರಲು ಬಿದ್ದಿದ್ದ ಗೋದಲಿಯನ್ನು ಎತ್ತಿ ನಿಲ್ಲಿಸಿ, ಅದರಲ್ಲಿ ನಾಳೆಗೆ ಬೇಕಾದ ಸೌದೆಯನ್ನು ಜೋಡಿಸಿಟ್ಟರು. ನೀಲಕ್ಕ ಏನೂ ಕೇಳದೆ ಒಂದೊಂದೇ ಸೌದೆ ಎತ್ತಿ ಕೊಟ್ಟಳು.

ಮುಂದಿನ ಸೋಮವಾರ ಕೋಳಿ ಕೂಗುವ ಹೊತ್ತಿಗೆ ಬಳೆ ಸದ್ದಾಯಿತು. ನೀಲಕ್ಕ ದಡಬಡಿಸಿ ಎದ್ದು ಹೊರಗೆ ಬಂದಳು. ಅತ್ತೆ ತುಂಬಿದ ತಂಬಿಗೆ ಹಿಡಿದು ಕಾರಿನ ಮುಂದೆ ನಿಂತಿದ್ದರು. ಬಾನೆಟ್ಟಿನ ಮೇಲೆ ಹಳೆಯ ಕಂಬಳಿ ಹೊದಿಸಿ ನಾಲ್ಕೂ ಮೂಲೆ ಅವರೇ ಕಟ್ಟಿದ್ದರು.

"ಅತ್ತೆ!"

"ಹೆದರಬ್ಯಾಡ. ಹಿದಾಯತ್ ಸಾಬರು ನಿನ್ನೆ ಸಂತಿಗೆ ಬಂದಾಗ ಕೇಳೀನಿ. ಮ್ಯಾಲೆ ಬ್ಯಾಡ, ಕೆಳಗೆ ಎಷ್ಟಾದ್ರೂ ಹಾಕು ತಾಯಿ ಅಂದಾರೆ."

ಉಚ್ಚಂಗಮ್ಮ ಬಗ್ಗಿ ನಾಲ್ಕೂ ಗಾಲಿಗೆ ಒಂದೊಂದಾಗಿ ನೀರು ಹಾಕಿ, ಕೈಯಿಂದ ಉಜ್ಜಿ ತೊಳೆದರು.

"ದಿನಾ ಹರಿಹರಕ್ಕೆ ಹೋಗಿ ಬರ್ತೈತೆ," ಎಂದರು. "ದೂರದಿಂದ ಬಂದೋರಿಗೆ ಕಾಲಿಗೆ ನೀರು ಕೊಡಬೇಕಲ್ಲವ್ವಾ."